ಜೈಲಿನಲ್ಲಿ ಹುಟ್ಟಿದ ಭಕ್ತಿ ನಾಟಕವಾ?

ಜೈಲಿಗೆ ಹೋದ ಮೇಲೆ ನಿಮ್ಮ ತಮ್ಮ ದಿನಾ ಪ್ರಾರ್ಥನೆ ಮಾಡುತ್ತಾನೆ, ಇದು ನಾಟಕವಾ ಅಂತ ಕೇಳಿದ್ದೀರಿ. ಅಷ್ಟು ಬೇಗ ಹಾಗನ್ನಬೇಡಿ. ಅಲ್ಲಿ ಏಳುವುದು, ಉಣ್ಣುವುದು, ಮಲಗುವುದು ಎಲ್ಲ ಬೇರೆಯವರು ಹೇಳಿದ ಹೊತ್ತಿಗೆ. ಪ್ರಾರ್ಥನೆಯ ಹೊತ್ತು ಮಾತ್ರ ಅವನದು. ಮಾಡಿದ ತಪ್ಪನ್ನು ಮನಸ್ಸು ಬಿಚ್ಚಿ ಹೇಳಿಕೊಳ್ಳಲು ಬೇರೆ ಜಾಗವಾದರೂ ಎಲ್ಲಿದೆ, ಅಲ್ವಾ? ಕೆಲವರು ಒಂಟಿತನಕ್ಕೆ ಹೆದರಿ, ಗುಂಪಿನ ಆಸರೆಗಾಗಿಯೂ ಸೇರುತ್ತಾರೆ, ನಿಜ. ಹಾಗೆ ಶುರುವಾದ ನಂಬಿಕೆಯೂ ಆಮೇಲೆ ಗಟ್ಟಿಯಾಗಬಹುದು.

ಕೈದಿಗಳನ್ನು ಹೇಗೆ ನಡೆಸಿಕೊಳ್ಳಬೇಕು ಅಂತ ವಿಶ್ವಸಂಸ್ಥೆ 2015ರಲ್ಲಿ ಒಪ್ಪಿದ ನೆಲ್ಸನ್ ಮಂಡೇಲಾ ನಿಯಮಗಳಲ್ಲಿ, ಕೈದಿ ತನ್ನ ಧರ್ಮದ ಪುಸ್ತಕ ಇಟ್ಟುಕೊಳ್ಳಲು, ಧರ್ಮಗುರುವನ್ನು ಕಾಣಲು ಅವಕಾಶವಿದೆ. ಗುರುಗಳ ಭೇಟಿ ಬೇಡ ಅಂದರೆ ಅದನ್ನೂ ಗೌರವಿಸಬೇಕು.

ಮುಂದಿನ ಸಲ ಹೋದಾಗ ಅವನನ್ನು ಪರೀಕ್ಷಿಸಬೇಡಿ. ಏನು ಓದುತ್ತಿದ್ದೀಯಾ ಅಂತ ಸುಮ್ನೆ ಕೇಳಿ, ಅವನೇ ಮಾತಾಡಲಿ.