ದೂರು ನಿಮ್ಮದು, ಪ್ರಕರಣ ಸರ್ಕಾರದ್ದು

ರಾಣೆಬೆನ್ನೂರು ತಾಲ್ಲೂಕಿನ ಓದುಗರೊಬ್ಬರ ಪತ್ರದ ಸಾರ ಇಷ್ಟು: 2022ರಲ್ಲಿ ಹೊಲದ ಬದುವಿನ ಜಗಳದಲ್ಲಿ ದೊಡ್ಡಪ್ಪನ ಮಗ ಕುಡುಗೋಲು ಬೀಸಿದ, ಇವರ ತಲೆಗೆ ನಾಲ್ಕು ಹೊಲಿಗೆ ಬಿತ್ತು. ದೂರು ಕೊಟ್ಟರು. ಈಗ ಎರಡೂ ಮನೆ ಒಂದಾಗಿವೆ, ಮಗಳ ಮದುವೆಯಲ್ಲಿ ಆ ಅಣ್ಣನೇ ಮುಂದೆ ನಿಂತು ಬಡಿಸಿದ್ದಾನೆ. "ದೂರು ಕೊಟ್ಟವನೂ ನಾನೇ, ಸಾಕು ಎನ್ನುವವನೂ ನಾನೇ. ಇನ್ನೂ ಏಕೆ ವಾಯಿದೆಗೆ ಅಲೆಸುತ್ತಾರೆ?"

ಮಾನ್ಯರೇ,

ಹೇಗೂ ಮಾತುಕತೆ ಇದೆಯಲ್ಲ, ಅಣ್ಣನ ಬಳಿ ಇರುವ ದೋಷಾರೋಪ ಪಟ್ಟಿಯನ್ನು ಇಸಿದುಕೊಂಡು ಒಮ್ಮೆ ನೋಡಿ. ಪ್ರಕರಣ ನಡೆಸುತ್ತಿರುವುದು ಸರ್ಕಾರ. ನಿಮ್ಮ ಹೆಸರು ಸಾಕ್ಷಿಗಳ ಪಟ್ಟಿಯಲ್ಲಿ 'ಚಾ.ಸಾ. 1', ಅಂದರೆ ಚಾರ್ಜ್‌ಶೀಟಿನ ಒಂದನೇ ಸಾಕ್ಷಿ ಎಂದು ಇರುತ್ತದೆ, ಅಷ್ಟೇ. ತಲೆ ನಿಮ್ಮದಾದರೂ ಅದು ಒಡೆದದ್ದು ಊರಿನ ಶಾಂತಿಗೂ ಬಿದ್ದ ಏಟು ಎಂಬುದು ಕಾನೂನಿನ ಲೆಕ್ಕ. ಆದ್ದರಿಂದ ಠಾಣೆಗೆ ಹೋಗಿ 'ದೂರು ವಾಪಸ್' ಎಂದು ಬರೆದುಕೊಟ್ಟರೆ ಪ್ರಕರಣ ಮುಗಿಯುವುದಿಲ್ಲ.

ಹಾಗೆಂದು ರಾಜಿಗೆ ಬಾಗಿಲೇ ಇಲ್ಲವೆಂದಲ್ಲ. ದಂಡ ಪ್ರಕ್ರಿಯಾ ಸಂಹಿತೆಯ 320ನೇ ಕಲಂ, 2024ರ ಜುಲೈ 1ರಿಂದ ಜಾರಿಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 359, ಯಾವ ಅಪರಾಧವನ್ನು ಯಾರು ರಾಜಿ ಮಾಡಿಕೊಳ್ಳಬಹುದು ಎಂದು ಪಟ್ಟಿ ಕೊಡುತ್ತದೆ. ಊರಜಗಳಗಳಲ್ಲಿ ಪೊಲೀಸರು ಒಂದೇ ಉಸಿರಿಗೆ ಬರೆಯುತ್ತಿದ್ದ ನಾಲ್ಕು ಕಲಮುಗಳಿವೆ, ಹಳೆಯ ಭಾರತೀಯ ದಂಡ ಸಂಹಿತೆಯವು: 323, 324, 504, 506. ಕೈಯಿಂದ ಹೊಡೆದದ್ದು, ಬೈದು ಕೆಣಕಿದ್ದು, ಬೆದರಿಸಿದ್ದು, ಈ ಮೂರಕ್ಕೂ ರಾಜಿ ಅರ್ಜಿ ನಡೆಯುತ್ತದೆ. ರಾಜಿಯಾದರೆ ಆರೋಪಿ ಬಿಡುಗಡೆಯಾದಂತೆಯೇ. ನಿಮ್ಮ ಕಾಲಿಗೆ ತೊಡರಿರುವುದು 324, ಅಂದರೆ ಆಯುಧದಿಂದ ಮಾಡಿದ ಗಾಯ. ಹಿಂದೆ ನ್ಯಾಯಾಲಯದ ಅನುಮತಿಯಿಂದ ಅದಕ್ಕೂ ರಾಜಿ ಇತ್ತು. ತಿದ್ದುಪಡಿಯಲ್ಲಿ ಕಿತ್ತುಹಾಕಿದರು. ಅದು ತಪ್ಪಾಯಿತು ಎಂದೇ ನನ್ನ ಅಭಿಪ್ರಾಯ. ಹೊಲಕ್ಕೆ ಹೋದವನ ಕೈಯಲ್ಲಿ ಕುಡುಗೋಲೋ ಸಲಿಕೆಯೋ ಇದ್ದೇ ಇರುತ್ತದೆ. ಬದುವಿನ ಜಗಳವೆಲ್ಲ 324 ಆಗುತ್ತಿದ್ದುದು ಹೀಗೆ.

ಈ ತೊಡಕಿಗೆ ಕಟ್ಟೆಯ ಮೇಲಿನ ಹಿರಿಯರು ಹೇಳುವ ಮದ್ದು ನಿಮ್ಮ ಕಿವಿಗೂ ಬಿದ್ದಿರಬೇಕು: "ಸಾಕ್ಷಿ ಹೇಳುವಾಗ ಯಾರು ಹೊಡೆದರೋ ಕಾಣಲಿಲ್ಲ ಎಂದುಬಿಡು." ಹಾಡಹಗಲು, ಎದುರಿಗೆ ನಿಂತ ಅಣ್ಣ ಕಾಣಲಿಲ್ಲವೆಂದು ಪ್ರಮಾಣ ಮಾಡಿ ಹೇಳಬೇಕು! ಸರ್ಕಾರಿ ವಕೀಲರು ನಿಮ್ಮನ್ನು ಪ್ರತಿಕೂಲ ಸಾಕ್ಷಿ, ಅಂದರೆ ಕರೆದವರ ವಿರುದ್ಧವೇ ತಿರುಗಿದ ಸಾಕ್ಷಿ ಎಂದು ಹೇಳಿ, ನ್ಯಾಯಾಲಯದ ಅನುಮತಿ ಪಡೆದು, ನಿಮ್ಮದೇ ದೂರನ್ನು ಓದಿ ಓದಿ ಕೇಳುತ್ತಾರೆ. ಸುಳ್ಳು ಸಾಕ್ಷ್ಯ ಬೇರೆಯೇ ಅಪರಾಧ. ಎಷ್ಟೋ ಪ್ರಕರಣಗಳು ಹೀಗೆ ಮುಗಿಯುತ್ತವೆ ಎಂಬುದು ಎಲ್ಲರಿಗೂ ಗೊತ್ತು; ಅದಕ್ಕಾಗಿ ನಿಮಗೂ ಅದೇ ದಾರಿ ಹಿಡಿಯಿರಿ ಎನ್ನಲಾರೆ.

ನೇರ ದಾರಿ ಹೈಕೋರ್ಟ್. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 482, ಈಗಿನ ನಾಗರಿಕ ಸುರಕ್ಷಾ ಸಂಹಿತೆಯ 528ನೇ ಕಲಮಿನ ಅಂತರ್ಗತ ಅಧಿಕಾರದಡಿ ಅದು ಪ್ರಕರಣವನ್ನೇ ರದ್ದು ಮಾಡಬಲ್ಲದು. ರಾಜಿಯ ಪಟ್ಟಿಯಲ್ಲಿ ಇಲ್ಲದ ಅಪರಾಧಕ್ಕೂ ಈ ಅಧಿಕಾರ ಬಳಸಬಹುದು ಎಂದು ಸುಪ್ರೀಂ ಕೋರ್ಟ್ 2012ರಲ್ಲಿ ಗ್ಯಾನ್ ಸಿಂಗ್ ಪ್ರಕರಣದಲ್ಲಿ ಹೇಳಿದೆ. ಕೊಲೆ, ಅತ್ಯಾಚಾರ, ದರೋಡೆಯಂಥವಕ್ಕೆ ಈ ದಾರಿಯಿಲ್ಲ ಎಂದೂ ಹೇಳಿದೆ. ವೈಯಕ್ತಿಕ ಸ್ವರೂಪದ ಜಗಳ, ಸಂಸಾರದ ತಕರಾರು, ಹಣಕಾಸಿನ ವ್ಯವಹಾರ, ಇವಕ್ಕೆ ಉಂಟು. ಗಾಯ ಎಂಥದ್ದು, ವಿಚಾರಣೆ ಎಲ್ಲಿಗೆ ಬಂದಿದೆ ಎಂಬುದನ್ನೂ ನ್ಯಾಯಾಲಯ ನೋಡುತ್ತದೆ.

ಮುಖ್ಯವಾಗಿ, ಒಪ್ಪಿಗೆ ನಿಜವಾಗಿ ಯಾರದು ಎಂದು ನೋಡುತ್ತದೆ. ರಾಜಸ್ಥಾನದಲ್ಲಿ ವಿದ್ಯಾರ್ಥಿನಿಯ ಮೈಮುಟ್ಟಿದ ಆರೋಪ ಹೊತ್ತ ಶಿಕ್ಷಕನೊಂದಿಗೆ ಹುಡುಗಿಯ ತಂದೆ ರಾಜಿ ಮಾಡಿಕೊಂಡರು, ಅಲ್ಲಿನ ಹೈಕೋರ್ಟ್ ಪ್ರಕರಣ ರದ್ದು ಮಾಡಿತು. 2024ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟ್ ಆ ಆದೇಶವನ್ನೇ ತಳ್ಳಿಹಾಕಿತು. ಮಗುವಿನ ಪರವಾಗಿ ದೊಡ್ಡವರು ಕೂತು ಆಡಿದ ಮಾತನ್ನು ರಾಜಿ ಎನ್ನಲು ನನಗೂ ಬಾಯಿ ಬರುವುದಿಲ್ಲ. 'ಸಾಕು' ಎಂದು ನೀವು ಹೇಳಿದರೂ ನ್ಯಾಯಾಧೀಶರು ಕೂಡಲೇ ತಲೆಯಾಡಿಸದಿರುವುದು ಇಂಥವರ ಸಲುವಾಗಿ. ಹೆದರಿಸಿ ಹೇಳಿಸಿದ 'ಸಾಕು'ಗಳನ್ನೂ ಅವರು ಕೇಳಿರುತ್ತಾರೆ.

ನಿಮ್ಮ ಜಿಲ್ಲೆಗೆ ಹೈಕೋರ್ಟಿನ ಧಾರವಾಡ ಪೀಠ. ಅರ್ಜಿ ಹಾಕಬೇಕಾದವನು ಆರೋಪಿಯಾದ ಅಣ್ಣ. ನೀವು ಪ್ರತಿವಾದಿಯಾಗಿ, ನಿಮ್ಮ ಒಪ್ಪಿಗೆಯನ್ನು ಪ್ರಮಾಣಪತ್ರದಲ್ಲಿ ಬರೆದುಕೊಡಬೇಕು. ಇಬ್ಬರೂ ಆಧಾರ್ ಕಾರ್ಡ್ ಇಟ್ಟುಕೊಂಡಿರಿ, ಖುದ್ದಾಗಿ ಬರಲು ಹೇಳಬಹುದು. ಸಾಕ್ಷ್ಯ ಶುರುವಾಗುವ ಮೊದಲೇ ಹೋದರೆ ಒಳ್ಳೆಯದು. ವಕೀಲರ ಖರ್ಚು ಭಾರವೆನಿಸಿದರೆ ಮೊದಲು ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಿ.

— ಸಂಪಾದಕ