ಗಂಡನ ಜಾತಿ ಪ್ರಮಾಣಪತ್ರದ ಮೇಲೆ ಹೆಂಡತಿ ಮೀಸಲು ವಾರ್ಡಿನಲ್ಲಿ ನಿಲ್ಲಬಹುದೇ?

ನಿಮ್ಮ ಗ್ರಾಮ ಪಂಚಾಯಿತಿಯಲ್ಲಿ ಪರಿಶಿಷ್ಟ ಜಾತಿ ಮಹಿಳೆಗೆ ಮೀಸಲಾದ ಸ್ಥಾನಕ್ಕೆ ನಿಲ್ಲುತ್ತಿರುವವರು ಹುಟ್ಟಿನಿಂದ ಬೇರೆ ಜಾತಿ, ಗಂಡ ಮಾತ್ರ ಪರಿಶಿಷ್ಟ ಜಾತಿ, ಇದು ನಡೆಯುತ್ತದಾ, ನಡೆಯದಿದ್ದರೆ ಯಾರನ್ನು ಕೇಳಬೇಕು ಅಂದಿದ್ದೀರಿ.

ನಡೆಯುವುದಿಲ್ಲ. ಜಾತಿ ಬರುವುದು ಹುಟ್ಟಿನಿಂದ, ಮದುವೆಯಿಂದಲ್ಲ. ಸುಪ್ರೀಂ ಕೋರ್ಟ್ ಇದನ್ನು 2018ರಲ್ಲೂ ಮತ್ತೆ ಹೇಳಿದೆ. ಹಾಗೆಯೇ ಪರಿಶಿಷ್ಟ ಜಾತಿಯಲ್ಲಿ ಹುಟ್ಟಿದ ಹೆಣ್ಣುಮಗಳು ಬೇರೆ ಜಾತಿಯವರನ್ನು ಮದುವೆಯಾದರೆ ಅವಳ ಜಾತಿಯೂ ಬದಲಾಗುವುದಿಲ್ಲ, ಅವಳು ಧಾರಾಳವಾಗಿ ನಿಲ್ಲಬಹುದು. ಇದನ್ನು ಎಷ್ಟೋ ಊರುಗಳಲ್ಲಿ ಉಲ್ಟಾ ತಿಳಿದುಕೊಂಡಿದ್ದಾರೆ. ಮೀಸಲಾತಿ ಪಟ್ಟಿ ಹೊರಬಿದ್ದ ಕೂಡಲೇ 'ಯಾರ ಮನೆ ಸೊಸೆ' ಎಂದು ಲೆಕ್ಕ ಹಾಕುವವರು 'ಯಾರ ಮಗಳು' ಎಂದು ಕೇಳುವುದೇ ಇಲ್ಲ.

ಇನ್ನೊಂದು ಗೊಂದಲ ಗಡಿ ತಾಲ್ಲೂಕುಗಳದ್ದು. ಆಂಧ್ರದಲ್ಲೋ ಮಹಾರಾಷ್ಟ್ರದಲ್ಲೋ ಪರಿಶಿಷ್ಟ ಜಾತಿಯಲ್ಲಿ ಹುಟ್ಟಿ ಇಲ್ಲಿಗೆ ಮದುವೆಯಾಗಿ ಬಂದವರಿಗೆ ಅಲ್ಲಿನ ಪ್ರಮಾಣಪತ್ರ ಇಲ್ಲಿ ತಾನಾಗಿಯೇ ನಡೆಯುವುದಿಲ್ಲ. ಪರಿಶಿಷ್ಟ ಜಾತಿಗಳ ಪಟ್ಟಿ ರಾಜ್ಯದಿಂದ ರಾಜ್ಯಕ್ಕೆ ಬೇರೆ.

ಈಗ ಪರಿಶೀಲನೆಯ ವಿಷಯ. ಪ್ರಮಾಣಪತ್ರ ಕೊಡುವುದು ತಹಶೀಲ್ದಾರ್. ನಾಡಕಚೇರಿಯಿಂದ ಬಂದ ಪತ್ರದಲ್ಲಿ ಆರ್‌ಡಿಯಿಂದ ಶುರುವಾಗುವ ನಂಬರ್ ಇರುತ್ತದೆ. ಅದನ್ನು ನಾಡಕಚೇರಿ ವೆಬ್‌ಸೈಟಿನಲ್ಲಿ ಹಾಕಿದರೆ ಪತ್ರ ಅಸಲಿಯೋ ಅಲ್ಲವೋ ಗೊತ್ತಾಗುತ್ತದೆ. ಆದರೆ ಪತ್ರ ಅಸಲಿಯಾದ ಮಾತ್ರಕ್ಕೆ ಅದರೊಳಗಿನ ಜಾತಿ ಸರಿ ಅಂತಲ್ಲ. ಅದಕ್ಕೆ ಆಕೆಯ ಶಾಲೆಯ ಟಿಸಿ, ತಂದೆಯ ಕಡೆಯ ದಾಖಲೆ ನೋಡಬೇಕು. ಪತ್ರದಲ್ಲಿ ತಂದೆಯ ಹೆಸರಿರಬೇಕಾದ ಜಾಗದಲ್ಲಿ ಗಂಡನ ಹೆಸರಿದ್ದರೆ ನಾನಂತೂ ಮೊದಲು ಅಲ್ಲೇ ಬೆರಳಿಡುತ್ತೇನೆ.

ನಾಮಪತ್ರ ಪರಿಶೀಲನೆಯ ದಿನ ಎದುರಾಳಿ ಅಭ್ಯರ್ಥಿ ಅಥವಾ ಅವರ ಕಡೆಯವರ ಮೂಲಕ ಲಿಖಿತ ತಕರಾರು ಕೊಡಿಸಿ. ಬಾಯಿಮಾತಿನ ಗಲಾಟೆ ಬೇಡ. ಆದರೆ ಜಾಸ್ತಿ ಆಸೆಯೂ ಇಟ್ಟುಕೊಳ್ಳಬೇಡಿ. ಚುನಾವಣಾಧಿಕಾರಿಗೆ ಅಲ್ಲಿ ಸಾಕ್ಷಿ ಕರೆಸಿ ವಿಚಾರಣೆ ಮಾಡುವಷ್ಟು ಪುರುಸೊತ್ತು ಇರುವುದಿಲ್ಲ. ಕೈಯಲ್ಲಿ ತಹಶೀಲ್ದಾರರ ಪತ್ರವಿದ್ದರೆ ಸಾಮಾನ್ಯವಾಗಿ ನಾಮಪತ್ರ ಒಪ್ಪಿಬಿಡುತ್ತಾರೆ. ಅದು ತಪ್ಪು ಅಂತಲೂ ನನಗೆ ಅನ್ನಿಸುವುದಿಲ್ಲ. ಅನುಮಾನ ಬಂದಿದ್ದಕ್ಕೆಲ್ಲ ನಾಮಪತ್ರ ತಿರಸ್ಕರಿಸುತ್ತಾ ಹೋದರೆ ಎದುರಾಳಿಗಳಿಗೆ ಹಬ್ಬ, ಅಲ್ವಾ?

ಪತ್ರವನ್ನೇ ಪ್ರಶ್ನಿಸುವ ದಾರಿ ಬೇರೆ ಇದೆ. ತಹಶೀಲ್ದಾರರ ಆದೇಶದ ಮೇಲೆ ಉಪವಿಭಾಗಾಧಿಕಾರಿಗೆ ಮೇಲ್ಮನವಿ ಹೋಗುತ್ತದೆ. ಜಿಲ್ಲಾ ಜಾತಿ ಪರಿಶೀಲನಾ ಸಮಿತಿ ಇದೆ. ಸುಳ್ಳು ಜಾತಿ ಪ್ರಮಾಣಪತ್ರದ ದೂರುಗಳನ್ನು ನಾಗರಿಕ ಹಕ್ಕು ಜಾರಿ ನಿರ್ದೇಶನಾಲಯವೂ ತನಿಖೆ ಮಾಡುತ್ತದೆ. ಇವೆಲ್ಲ ನಿಧಾನ. ಹಾಗಾಗಿ ಮತದಾನದವರೆಗೆ ಕಾಯದೆ ಈಗಲೇ ಅರ್ಜಿ ಹಾಕಿ.

ಅವರು ಗೆದ್ದುಬಿಟ್ಟರೆ ಆಯ್ಕೆಯನ್ನು ಪ್ರಶ್ನಿಸಲು ಉಳಿಯುವುದು ಚುನಾವಣಾ ತಕರಾರು ಅರ್ಜಿ ಮಾತ್ರ. ಫಲಿತಾಂಶ ಘೋಷಣೆಯಾದ 30 ದಿನದೊಳಗೆ ಸಿವಿಲ್ ನ್ಯಾಯಾಲಯದಲ್ಲಿ ಹಾಕಬೇಕು. ಸೋತ ಅಭ್ಯರ್ಥಿಯೇ ಆಗಬೇಕಿಲ್ಲ, ಆ ಕ್ಷೇತ್ರದ ಮತದಾರರಾಗಿ ನೀವೂ ಹಾಕಬಹುದು. ತಡ ಎಷ್ಟಾಗಬಹುದು ಎಂದರೆ, ಮುಳಬಾಗಿಲು ಮೀಸಲು ಕ್ಷೇತ್ರದಲ್ಲಿ 2013ರಲ್ಲಿ ಗೆದ್ದ ಶಾಸಕರ ಆಯ್ಕೆಯನ್ನು ಜಾತಿಯ ಕಾರಣಕ್ಕೆ ಹೈಕೋರ್ಟ್ ಅಸಿಂಧು ಮಾಡಿದ್ದು 2018ರಲ್ಲಿ. ಅಷ್ಟರಲ್ಲಿ ಅವಧಿಯೇ ಮುಗಿಯುತ್ತಾ ಬಂದಿತ್ತು.

ಒಂದು ಮಾತು ಮಾತ್ರ. ಮೊದಲು ಆಕೆಯ ಮನೆಗೇ ಹೋಗಿ ನೇರವಾಗಿ ಕೇಳಿ ನೋಡಿ. ಎಷ್ಟೋ ಸಲ ಆ ಹೆಣ್ಣುಮಗಳಿಗೆ ಏನೂ ಗೊತ್ತಿರುವುದಿಲ್ಲ, ಗಂಡನ ಕಡೆಯವರು ಸಹಿ ಹಾಕಿಸಿಕೊಂಡಿರುತ್ತಾರೆ. ಸುಳ್ಳು ಪ್ರಮಾಣಪತ್ರದ ಕೇಸು ಬಿದ್ದರೆ ಅಲೆಯಬೇಕಾದವಳು ಅವಳು. ಪಕ್ಕದಲ್ಲೇ ಸಾಮಾನ್ಯ ಮಹಿಳೆಯ ಸ್ಥಾನವಿದ್ದರೆ ಅಲ್ಲಿ ನಿಲ್ಲಲು ಆಕೆಗೆ ಜಾತಿಯ ಅಡ್ಡಿಯೇ ಇಲ್ಲ. ನಾಮಪತ್ರ ಸಲ್ಲಿಸುವ ಕೊನೆಯ ದಿನದೊಳಗೆ ಇದನ್ನು ತಿಳಿಸಿದರೆ ಸಾಕು.