ಚೀಟಿಯಲ್ಲಿ ಬರೆದ ‘ಡಿರೀಯಿಸ್ಟಿಕ್’ ಅಂದರೆ ಏನು?

ಪ್ರಶ್ನೆ: ನನ್ನ ತಮ್ಮನಿಗೆ 23 ವರ್ಷ. ಏಳೆಂಟು ತಿಂಗಳಿಂದ, ಇಂಧನವೇ ಬೇಡದೆ ಓಡುವ ಯಂತ್ರ ಕಂಡುಹಿಡಿದಿದ್ದೇನೆ ಅಂತ ಹೇಳುತ್ತಿದ್ದಾನೆ. ಯಂತ್ರ ಎಲ್ಲಿ ಅಂದರೆ ನೋಟ್‌ಬುಕ್ ತೋರಿಸುತ್ತಾನೆ. ಅದರ ತುಂಬ ಅಂಕಿ, ಅಕ್ಷರ, ಬಾಣದ ಗುರುತು. ನಮಗೆ ಒಂದೂ ಅರ್ಥವಾಗುವುದಿಲ್ಲ. ಕೆಲಸ ಬಿಟ್ಟಿದ್ದಾನೆ, ಸ್ನೇಹಿತರ ಫೋನ್ ಎತ್ತುವುದಿಲ್ಲ. ಮನೋವೈದ್ಯರಿಗೆ ತೋರಿಸಿದೆವು. ಅವರ ಚೀಟಿಯಲ್ಲಿ ‘ಡಿರೀಯಿಸ್ಟಿಕ್ ಥಿಂಕಿಂಗ್’ ಅಂತ ಇದೆ. ನೆಟ್‌ನಲ್ಲಿ ಹುಡುಕಿದರೆ ಅದಕ್ಕೆ ‘ಆಟಿಸ್ಟಿಕ್ ಥಿಂಕಿಂಗ್’ ಅಂತಲೂ ಹೆಸರಿದೆ ಅಂತ ಬಂತು. ಹಾಗಾದರೆ ಅವನಿಗೆ ಆಟಿಸಂ ಇದೆಯಾ? ಇದು ಯಾವ ಕಾಯಿಲೆ?

ಉತ್ತರ: ಇಲ್ಲ, ಆ ಪದ ಬರೆದ ಮಾತ್ರಕ್ಕೆ ಆಟಿಸಂ, ಅಂದರೆ ಚಿಕ್ಕಂದಿನಿಂದಲೇ ಬೆರೆಯುವ, ಮಾತಾಡುವ ರೀತಿ ಬೇರೆಯಾಗಿರುವ ಸ್ಥಿತಿ, ಇದೆ ಅಂತ ಅರ್ಥವಲ್ಲ. ಅದು ಕಾಯಿಲೆಯ ಹೆಸರೂ ಅಲ್ಲ. ಒಬ್ಬರು ಕುಂಟುತ್ತಾ ಬಂದರೆ ಡಾಕ್ಟರು ಮೊದಲು ‘ಕುಂಟುತ್ತಿದ್ದಾರೆ’ ಅಂತ ಬರೆದುಕೊಳ್ಳುತ್ತಾರೆ. ಕಾಲಿಗೆ ಮುಳ್ಳು ಚುಚ್ಚಿದೆಯೋ, ಮೂಳೆ ಮುರಿದಿದೆಯೋ, ಚಪ್ಪಲಿ ಕಚ್ಚಿದೆಯೋ ಅನ್ನೋದು ಆಮೇಲಿನ ಮಾತು. ಡಿರೀಯಿಸ್ಟಿಕ್ ಅನ್ನೋದೂ ಹಾಗೆಯೇ. ಅದು ಯೋಚನೆಯ ನಡಿಗೆಯನ್ನು ಹೇಳುತ್ತದೆ. ಯೋಚನೆ ಓಡುತ್ತಿದೆ, ಆದರೆ ಕಾಲು ನೆಲದ ಮೇಲಿಲ್ಲ, ಅಷ್ಟೇ.

ಪದದ ಕಥೆ ಸ್ವಲ್ಪ ಹೇಳಬೇಕು. ನಿಮ್ಮ ಗಾಬರಿಗೆ ಕಾರಣ ಅಲ್ಲೇ ಇದೆ. ಸ್ವಿಟ್ಜರ್ಲೆಂಡಿನ ಮನೋವೈದ್ಯ ಆಯ್ಗನ್ ಬ್ಲಾಯ್ಲರ್ ಜ್ಯೂರಿಕ್‌ನ ಬುರ್ಗ್‌ಹೋಲ್ಜ್ಲಿ ಆಸ್ಪತ್ರೆಯ ಮುಖ್ಯಸ್ಥರಾಗಿದ್ದರು. ಯೋಚನೆ, ಗ್ರಹಿಕೆ ವಾಸ್ತವದಿಂದ ಕಳಚಿಕೊಳ್ಳುವ ಮಾನಸಿಕ ಕಾಯಿಲೆಗೆ ‘ಸ್ಕಿಜೋಫ್ರೇನಿಯಾ’ ಎಂಬ ಹೆಸರು ಕೊಟ್ಟವರು ಅವರೇ. ಆ ರೋಗಿಗಳಲ್ಲಿ ಕೆಲವರು ಹೊರಗಿನ ಜಗತ್ತಿಗೆ ಬೆನ್ನು ಹಾಕಿ ತಮ್ಮ ಒಳಗಿನ ಜಗತ್ತಿನಲ್ಲೇ ಬದುಕುತ್ತಿದ್ದುದನ್ನು ಅವರು ನೋಡಿದರು. ‘ತಾನು’ ಎಂಬ ಅರ್ಥದ ಗ್ರೀಕ್ ಪದ ಹಿಡಿದು ಅದಕ್ಕೆ ‘ಆಟಿಸಂ’ ಅಂದರು. 1911ರ ಅವರ ಪುಸ್ತಕದಲ್ಲಿ ಈ ಪದ ಬರುತ್ತದೆ. ಆದರೆ ಜನ ಅದನ್ನು ಬೇರೆ ಬೇರೆ ರೀತಿಯಲ್ಲಿ ಅರ್ಥ ಮಾಡಿಕೊಂಡರು. ಹಾಗಾಗಿ ಇಂಥ ಯೋಚನೆಗೆ ಆಮೇಲೆ ಅವರೇ ಇನ್ನೊಂದು ಪದ ತಂದರು. ಲ್ಯಾಟಿನ್‌ನಲ್ಲಿ ‘ಡಿ’ ಅಂದರೆ ದೂರ, ‘ರೇಸ್’ ಅಂದರೆ ವಸ್ತು. ಇದ್ದದ್ದರಿಂದ ದೂರ ಸರಿದ ಯೋಚನೆ ಡಿರೀಯಿಸ್ಟಿಕ್.

ಹಳೆಯ ಪದ ಮಾತ್ರ ಸುಮ್ಮನೆ ಕೂರಲಿಲ್ಲ. 1943ರಲ್ಲಿ ಅಮೆರಿಕದಲ್ಲಿ ಲಿಯೋ ಕ್ಯಾನರ್ ಎಂಬ ವೈದ್ಯರು 11 ಮಕ್ಕಳ ಬಗ್ಗೆ ಬರೆಯುತ್ತಾ ಆಟಿಸ್ಟಿಕ್ ಎಂಬ ಮಾತನ್ನೇ ಎತ್ತಿಕೊಂಡರು. ಅಲ್ಲಿಂದ ಪದ ಮಕ್ಕಳ ಕಡೆ ಹೊರಳಿತು. ತಮಾಷೆ ನೋಡಿ, ಅರ್ಥವೂ ಹೆಚ್ಚುಕಡಿಮೆ ತಿರುಗುಮುರುಗಾಯಿತು. ಬ್ಲಾಯ್ಲರ್ ಹೇಳಿದ್ದು ಕಲ್ಪನೆ ಜಾಸ್ತಿಯಾಗಿ ಉಕ್ಕಿ ಹರಿಯುವ ಸ್ಥಿತಿ. ಇಂದು ಆಟಿಸಂ ಇದೆಯಾ ಅಂತ ಪುಟ್ಟ ಮಗುವನ್ನು ನೋಡುವಾಗ ವೈದ್ಯರು ಕೇಳುವ ಪ್ರಶ್ನೆಗಳಲ್ಲಿ ಒಂದು, ಕಲ್ಪನೆಯ ಆಟ ಕಡಿಮೆ ಇದೆಯಾ ಅನ್ನೋದು. ನಿಮಗೆ ನೆಟ್‌ನಲ್ಲಿ ಸಿಕ್ಕಿದ್ದು ನೂರು ವರ್ಷ ಹಳೆಯ ಅರ್ಥ. ಅದನ್ನು ಅಲ್ಲೇ ಬಿಡಿ.

ಈಗ ನಿಮ್ಮ ತಮ್ಮನ ವಿಷಯ. ಇಂಧನವಿಲ್ಲದ ಯಂತ್ರ ಸಾಧ್ಯ ಅಂತ ನಂಬುವುದೇ ಕಾಯಿಲೆ ಅನ್ನುವ ಹಾಗಿಲ್ಲ. ಅದನ್ನು ಮಾಡಿದ್ದೇವೆ ಅಂತ ಬರುತ್ತಿದ್ದವರ ಕಾಟ ತಾಳಲಾರದೆ ಪ್ಯಾರಿಸ್‌ನ ವಿಜ್ಞಾನ ಅಕಾಡೆಮಿ 1775ರಲ್ಲಿ, ಇನ್ನು ಮುಂದೆ ಇಂಥ ಅರ್ಜಿ ನೋಡುವುದೇ ಇಲ್ಲ ಅಂತ ತೀರ್ಮಾನ ಮಾಡಿತ್ತು. ಆ ಅರ್ಜಿ ಹಾಕಿದವರೆಲ್ಲ ರೋಗಿಗಳೇನಲ್ಲ. ಶಕ್ತಿಯನ್ನು ಶೂನ್ಯದಿಂದ ಹುಟ್ಟಿಸಲಾಗದು ಅನ್ನೋ ನಿಯಮ ಆಗಿನ್ನೂ ಗಟ್ಟಿಯಾಗಿರಲೂ ಇಲ್ಲ. ತಪ್ಪು ನಂಬಿಕೆ ಬೇರೆ, ನೆಲ ಬಿಟ್ಟ ಯೋಚನೆ ಬೇರೆ.

ವ್ಯತ್ಯಾಸ ಎಲ್ಲಿ ಕಾಣುತ್ತದೆ? ನಾವು ಕೇಳುವ ಪ್ರಶ್ನೆಗೆ ಬರುವ ಉತ್ತರದಲ್ಲಿ. ‘ಯಂತ್ರ ಓಡಿಸಿ ನೋಡಿದಿರಾ?’ ಅಂತ ಕೇಳಿ. ಹುಚ್ಚು ಉತ್ಸಾಹದ ಮನುಷ್ಯ ‘ಇನ್ನೂ ಓಡಿಲ್ಲ, ಬೇರಿಂಗ್ ಹಿಡಿಯುತ್ತಿದೆ, ಮುಂದಿನ ಸಲ ನೋಡಿ’ ಅನ್ನುತ್ತಾನೆ. ಅವನು ತಪ್ಪೇ ಇರಬಹುದು. ಆದರೆ ಓಡದಿದ್ದುದು ಅವನಿಗೂ ಕಾಣುತ್ತಿದೆ. ಇನ್ನೊಬ್ಬರು ಹೇಳುತ್ತಾರೆ: ‘ಅದು ಓಡುತ್ತಲೇ ಇದೆ, ನಿಮಗೆ ಕಾಣುತ್ತಿಲ್ಲ ಅನ್ನೋದೇ ಅದಕ್ಕೆ ಸಾಕ್ಷಿ.’ ಇಲ್ಲಿ ಜಗತ್ತಿಗೆ ‘ಇಲ್ಲ’ ಅನ್ನಲು ಜಾಗವೇ ಇಲ್ಲ. ಒಂದು ಯೋಚನೆಯಿಂದ ಇನ್ನೊಂದಕ್ಕೆ ಹೋಗುವ ಮೆಟ್ಟಿಲುಗಳು ಅವರೊಬ್ಬರಿಗೇ ಗೊತ್ತು. ನಿಮ್ಮ ವೈದ್ಯರು ಆ ಪದ ಬರೆದದ್ದು ಇಂಥದ್ದೇನೋ ಕೇಳಿ ಇರಬೇಕು.

ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಅನ್ನುವವರು ಎಲ್ಲ ಕಡೆ ಇದ್ದಾರೆ. ನನ್ನ ವೃತ್ತಿಯಲ್ಲಂತೂ ಧಾರಾಳ. ಆದರೆ ಹಟಮಾರಿಗೆ ಮೊಲಕ್ಕೆ ನಾಲ್ಕು ಕಾಲು ಅಂತ ಒಳಗೊಳಗೆ ಗೊತ್ತಿರುತ್ತದೆ. ಸೋಲಲು ಇಷ್ಟವಿಲ್ಲ, ಅಷ್ಟೇ. ಡೆಲ್ಯೂಶನ್ ಅಂತ ನಾವು ಕರೆಯುವ ಅಲುಗದ ಸುಳ್ಳು ನಂಬಿಕೆ ಇರುವವರಿಗೆ ನಿಜಕ್ಕೂ ಮೂರೇ ಕಾಲು ಕಾಣುತ್ತಿರುತ್ತದೆ. ಜರ್ಮನಿಯ ಕಾರ್ಲ್ ಯಾಸ್ಪರ್ಸ್ 1913ರಲ್ಲಿ ಅದರ ಮೂರು ಗುರುತು ಹೇಳಿದ್ದರು: ಅಸಾಧಾರಣ ಖಾತರಿ, ಅನುಭವಕ್ಕೂ ವಾದಕ್ಕೂ ಜಗ್ಗದಿರುವುದು, ಆಗಲಾರದ ವಿಷಯ. ಇವತ್ತಿಗೂ ನಾವು ಅಲ್ಲಿಂದಲೇ ಶುರು ಮಾಡುತ್ತೇವೆ.

ನೀವು ಬರೆದುದರಲ್ಲಿ ನನಗೆ ಯಂತ್ರಕ್ಕಿಂತ ಚಿಂತೆ ತಂದದ್ದು ಬೇರೆ ಎರಡು ವಾಕ್ಯ: ಕೆಲಸ ಬಿಟ್ಟಿದ್ದು, ಸ್ನೇಹಿತರ ಫೋನ್ ಎತ್ತದಿರುವುದು. ಈ ವಯಸ್ಸು, ಈ ಅವಧಿ, ಈ ಒಳಸರಿಯುವಿಕೆ ಮೂರೂ ಸೇರಿದಾಗ ಸ್ಕಿಜೋಫ್ರೇನಿಯಾ ಇರಬಹುದೇ ಅಂತ ವೈದ್ಯರು ನೋಡಲೇಬೇಕು. ಅದು ಅಪರೂಪವಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಲೆಕ್ಕದಲ್ಲಿ ಜಗತ್ತಿನಲ್ಲಿ ಸುಮಾರು 300 ಜನರಲ್ಲಿ ಒಬ್ಬರಿಗೆ ಇದೆ. ಗಂಡಸರಲ್ಲಿ ಸಾಮಾನ್ಯವಾಗಿ ಹದಿಹರೆಯದ ಕೊನೆ, ಇಪ್ಪತ್ತರ ಆಸುಪಾಸಿನಲ್ಲಿ ಶುರುವಾಗುತ್ತದೆ. ಆದರೆ ಅದೊಂದೇ ಕಾರಣ ಅಲ್ಲ. ನಿದ್ದೆಯೇ ಬೇಡ, ಮಾತು ನಿಲ್ಲದು, ಖರ್ಚಿಗೆ ಲಗಾಮಿಲ್ಲ ಅನ್ನುವ ಹಾಗಿದ್ದರೆ ಮೇನಿಯಾ ಇರಬಹುದು. ಗಾಂಜಾ, ಕೆಲವು ಉತ್ತೇಜಕ ಮಾದಕಗಳು, ಮೂರ್ಛೆರೋಗ, ಥೈರಾಯ್ಡ್ ಏರುಪೇರು ಕೂಡ ಇಂಥ ಯೋಚನೆ ತರಬಲ್ಲವು. ಹಾಗಾಗಿ ಮುಂದಿನ ಭೇಟಿಯಲ್ಲಿ ‘ಆ ಪದದ ಅರ್ಥ ಏನು’ ಅಂತ ಕೇಳಿ ನಿಲ್ಲಿಸಬೇಡಿ. ‘ಕಾರಣ ಏನು ಅಂತ ನಿಮಗೆ ಅನ್ನಿಸುತ್ತಿದೆ, ಯಾವ ಪರೀಕ್ಷೆ ಬಾಕಿ ಇದೆ’ ಅಂತ ಕೇಳಿ. ಪತ್ರ ಓದಿ ನಾನು ರೋಗ ಹೇಳಲಾರೆ, ಹೇಳಲೂಬಾರದು.

ಔಷಧಿ ಶುರುವಾದರೆ ಎರಡು ದಿನದಲ್ಲಿ ನೋಟ್‌ಬುಕ್ ಮೂಲೆ ಸೇರುತ್ತದೆ ಅಂದುಕೊಳ್ಳಬೇಡಿ. ವಾರಗಳು ಬೇಕು. ಅದಕ್ಕಿಂತ ಮುಖ್ಯವಾದದ್ದು, ನಂಬಿಕೆ ಒಂದೇ ಸಲ ಕಳಚಿ ಬೀಳುವುದಿಲ್ಲ. ಮೊದಲು ಅದರ ಹಿಡಿತ ಸಡಿಲವಾಗುತ್ತದೆ. ‘ಯಂತ್ರ ಇದೆ, ಆದರೆ ಈಗ ಅದರ ಬಗ್ಗೆ ಅಷ್ಟು ಯೋಚನೆ ಬರಲ್ಲ’ ಅನ್ನುತ್ತಾರೆ. ಮನೆಯವರಿಗೆ ಇದು ಕೇಳಿ ನಿರಾಸೆ. ನಮಗೆ ಅದು ಒಳ್ಳೆಯ ಸುದ್ದಿ. ಚಿಕಿತ್ಸೆ ಬೇಗ ಶುರುವಾದಷ್ಟೂ ಚೇತರಿಕೆ ಚೆನ್ನಾಗಿರುತ್ತದೆ, ಆದ್ದರಿಂದ ‘ಇನ್ನೂ ಸ್ವಲ್ಪ ದಿನ ನೋಡೋಣ’ ಬೇಡ.

ಮನೆಯಲ್ಲಿ ಒಂದು ಮಾತು ನೆನಪಿರಲಿ. ನೋಟ್‌ಬುಕ್ ಹರಿಯಬೇಡಿ, ಸುಡಬೇಡಿ, ನಗಬೇಡಿ. ಹಾಗಂತ ‘ಹೌದಪ್ಪಾ, ದೊಡ್ಡ ಆವಿಷ್ಕಾರ’ ಅಂತ ಸುಳ್ಳೂ ಹೇಳಬೇಡಿ. ‘ನನಗೆ ಅದು ಅರ್ಥವಾಗುತ್ತಿಲ್ಲ ಕಣೋ. ಆದರೆ ನೀನು ನಾಲ್ಕು ರಾತ್ರಿಯಿಂದ ನಿದ್ದೆ ಮಾಡಿಲ್ಲ, ಅದು ಕಾಣುತ್ತಿದೆ’ ಅನ್ನಿ. ಯಂತ್ರದ ಬಗ್ಗೆ ನಿಮ್ಮಿಬ್ಬರಿಗೂ ಒಮ್ಮತ ಬರುವುದಿಲ್ಲ. ನಿದ್ದೆಯ ಬಗ್ಗೆ ಬರಬಹುದು. ತನಗೋ ಬೇರೆಯವರಿಗೋ ಅಪಾಯ ಮಾಡುವ ಮಾತು ಬಂದರೆ ಮಾತ್ರ ಕಾಯದೆ ಆ ಕೂಡಲೇ ಆಸ್ಪತ್ರೆಗೆ ಕರೆದುಕೊಂಡು ಹೋಗಿ.

ಪ್ರಶ್ನೆ: ನನಗೆ 19 ವರ್ಷ. ದಿನಕ್ಕೆ ಮೂರು ನಾಲ್ಕು ಗಂಟೆ ಇಯರ್‌ಫೋನ್ ಹಾಕಿಕೊಂಡು ರೂಮಿನಲ್ಲಿ ಅತ್ತಿಂದಿತ್ತ ಓಡಾಡುತ್ತಾ ತಲೆಯಲ್ಲೇ ಒಂದು ಕಥೆ ನಡೆಸುತ್ತೇನೆ. ಅದರಲ್ಲಿ ನಾನು ದೊಡ್ಡ ಗಾಯಕಿ. ಪಾತ್ರಗಳಿಗೆಲ್ಲ ಹೆಸರಿದೆ. ನನಗೂ ತಲೆ ಕೆಡುತ್ತಿದೆಯಾ?

ಉತ್ತರ: ನೀವು ಗಾಯಕಿ ಅಲ್ಲ ಅಂತ ನಿಮಗೆ ಗೊತ್ತಲ್ವಾ? ಅಲ್ಲಿಗೆ ಅರ್ಧ ಉತ್ತರ ಸಿಕ್ಕಿತು.

ಮನಸ್ಸಿನಲ್ಲೇ ಮಂಡಿಗೆ ತಿನ್ನುವುದು ಮನುಷ್ಯರ ಹಳೆಯ ಚಟ. 2010ರಲ್ಲಿ ಅಮೆರಿಕದ ಇಬ್ಬರು ಮನಶ್ಶಾಸ್ತ್ರಜ್ಞರು 2,250 ವಯಸ್ಕರಿಗೆ ಹೊತ್ತಲ್ಲದ ಹೊತ್ತಿನಲ್ಲಿ ಫೋನ್ ಮೂಲಕ ‘ಈ ಕ್ಷಣ ಏನು ಯೋಚಿಸುತ್ತಿದ್ದೀರಿ’ ಅಂತ ಕೇಳಿದರು. ಶೇಕಡ 46.9ರಷ್ಟು ಸಲ ಬಂದ ಉತ್ತರ, ಮಾಡುತ್ತಿರುವ ಕೆಲಸ ಬಿಟ್ಟು ಬೇರೆ ಏನೋ. ಬ್ಲಾಯ್ಲರ್ ಕೂಡ ಡಿರೀಯಿಸ್ಟಿಕ್ ಯೋಚನೆ ರೋಗಿಗಳ ಸೊತ್ತು ಅನ್ನಲಿಲ್ಲ. ಕನಸು, ಹಗಲುಗನಸು, ಮಕ್ಕಳ ಆಟ, ಪುರಾಣ ಎಲ್ಲದರಲ್ಲೂ ಅದನ್ನು ಕಂಡರು. ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ವೈದ್ಯರೇ ಹೇಗೆ ಆಸೆಯನ್ನೇ ಸಾಕ್ಷಿ ಅಂದುಕೊಂಡು ಔಷಧಿ ಬರೆಯುತ್ತಾರೆ ಅಂತ 1919ರಲ್ಲಿ ಒಂದು ಇಡೀ ಪುಸ್ತಕ ಬರೆದು ಝಾಡಿಸಿದರು. ನನಗೆ ಅವರು ಇಷ್ಟವಾಗುವುದೇ ಅದಕ್ಕೆ.

ಗಾಳಿಗೋಪುರದಿಂದ ಕೆಲಸವೂ ಆಗುತ್ತದೆ. ರಸಾಯನಶಾಸ್ತ್ರಜ್ಞ ಕೆಕುಲೆ ಬೆಂಜೀನ್ ಅಣುವಿನ ಉಂಗುರದ ರೂಪ ತನಗೆ ಹೊಳೆದದ್ದು ತೂಕಡಿಕೆಯಲ್ಲಿ, ತನ್ನ ಬಾಲ ತಾನೇ ಕಚ್ಚಿದ ಹಾವನ್ನು ಕಂಡು ಅಂತ 1890ರಲ್ಲಿ ಒಂದು ಭಾಷಣದಲ್ಲಿ ಹೇಳಿದರು. ಆದರೆ ಎಚ್ಚರವಾದ ಮೇಲೆ ಕೂತು ರಾತ್ರಿಯಿಡೀ ಲೆಕ್ಕ ಹಾಕಿದೆ ಅಂತಲೂ ಹೇಳಿದರು. ಹಾವು ಕಂಡದ್ದಕ್ಕಿಂತ ನನಗೆ ಆ ಎರಡನೆಯ ಮಾತೇ ದೊಡ್ಡದು.

ನಿಮ್ಮದರಲ್ಲಿ ನೋಡಬೇಕಾದದ್ದು ಗಂಟೆಗಳ ಲೆಕ್ಕ. ಕಥೆ ನಿಲ್ಲಿಸಬೇಕು ಅಂದಾಗ ನಿಲ್ಲುತ್ತದಾ? ಓದು, ಊಟ, ಸ್ನೇಹ ಇದರಿಂದ ಹಾಳಾಗುತ್ತಿದೆಯಾ? ಹೌದಾದರೆ ಅದಕ್ಕೆ ‘ಮಾಲ್‌ಅಡಾಪ್ಟಿವ್ ಡೇಡ್ರೀಮಿಂಗ್’ ಅನ್ನುತ್ತಾರೆ. 2002ರಲ್ಲಿ ಇಸ್ರೇಲಿನ ಮನಶ್ಶಾಸ್ತ್ರಜ್ಞ ಎಲಿ ಸೋಮರ್ ಕೊಟ್ಟ ಹೆಸರು. ಸಂಗೀತ, ಒಂದೇ ರೀತಿಯ ಓಡಾಟ ಇದರಲ್ಲಿ ತುಂಬ ಮಾಮೂಲು. ವೈದ್ಯರ ಅಧಿಕೃತ ರೋಗಪಟ್ಟಿಗೆ ಇದು ಇನ್ನೂ ಸೇರಿಲ್ಲ. ಮೊದಲು ಒಂದು ವಾರ, ಕಥೆ ಶುರುವಾಗುವ ಮುಂಚೆ ಮನಸ್ಸಿಗೆ ಹೇಗಿತ್ತು ಅಂತ ಒಂದು ಸಾಲು ಬರೆದಿಡಿ. ಬೇಸರವಾ, ಭಯವಾ, ಒಂಟಿತನವಾ ಅಂತ ಗೊತ್ತಾಗುತ್ತದೆ. ಅದನ್ನು ಹಿಡಿದುಕೊಂಡು ಆಪ್ತಸಮಾಲೋಚಕರ ಹತ್ತಿರ ಹೋಗಿ. ಇಯರ್‌ಫೋನ್ ಬಚ್ಚಿಟ್ಟರೆ ಏನೂ ಆಗುವುದಿಲ್ಲ, ಕಥೆ ಮೌನವಾಗಿ ನಡೆಯುತ್ತದೆ ಅಷ್ಟೇ.

ಪ್ರಶ್ನೆ: ಅಪ್ಪನಿಗೆ 74. ಕನ್ನಡಕ, ದುಡ್ಡು ಯಾರೋ ಕದಿಯುತ್ತಿದ್ದಾರೆ ಅಂತ ಸೊಸೆಯ ಮೇಲೆ ಅನುಮಾನ. ಸಾಕ್ಷಿ ಸಮೇತ ತೋರಿಸಿದರೂ ಒಪ್ಪುವುದಿಲ್ಲ. ಇದೂ ಅದೇನಾ?

ಉತ್ತರ: ಈ ವಯಸ್ಸಿನಲ್ಲಿ ನಾನು ಮೊದಲು ನೋಡುವುದು ನೆನಪನ್ನು. ಎಲ್ಲಿಟ್ಟೆ ಅನ್ನೋದು ಮರೆತುಹೋಗುತ್ತದೆ, ಮರೆತದ್ದೂ ಮರೆತಿರುತ್ತದೆ. ವಸ್ತು ಮಾತ್ರ ಇಲ್ಲ. ಆ ಖಾಲಿ ಜಾಗವನ್ನು ಮನಸ್ಸು ‘ಕಳ್ಳ’ ಅನ್ನೋ ಪದದಿಂದ ತುಂಬಿಕೊಳ್ಳುತ್ತದೆ. ನೆನಪು, ವಿವೇಚನೆ ಕುಂದುತ್ತಾ ಹೋಗುವ ಡಿಮೆನ್ಷಿಯಾದಲ್ಲಿ ಇದು ಬಹಳ ಸಾಮಾನ್ಯ. ಕಿವಿ ಮಂದವಾಗಿದ್ದರೆ ಅನುಮಾನ ಇನ್ನೂ ಜಾಸ್ತಿ, ಪಕ್ಕದ ಕೋಣೆಯ ಪಿಸುಮಾತೆಲ್ಲ ತನ್ನ ಬಗ್ಗೆಯೇ ಅನ್ನಿಸುತ್ತದೆ. ಹಾಗಾಗಿ ನೆನಪಿನ ಪರೀಕ್ಷೆ, ಕಿವಿ ಕಣ್ಣಿನ ಪರೀಕ್ಷೆ, ಬಿ12, ಥೈರಾಯ್ಡ್ ಮಾಡಿಸಿ. ಈಗ ತೆಗೆದುಕೊಳ್ಳುತ್ತಿರುವ ಎಲ್ಲ ಮಾತ್ರೆ ವೈದ್ಯರಿಗೆ ತೋರಿಸಿ.

ಇದು ತಿಂಗಳುಗಳಿಂದ ನಿಧಾನವಾಗಿ ಬಂದಿದ್ದರೆ ಮೇಲಿನದ್ದು ಸಾಕು. ಎರಡು ಮೂರು ದಿನದಲ್ಲಿ ದಿಢೀರನೆ ಶುರುವಾಗಿ, ಹಗಲು ಮಂಪರು, ರಾತ್ರಿ ಗದ್ದಲ ಅನ್ನುವ ಹಾಗಿದ್ದರೆ ಅದು ಡೆಲಿರಿಯಂ. ಮೂತ್ರದ ಸೋಂಕು, ಸೋಡಿಯಂ ಇಳಿಕೆಯಂಥ ದೇಹದ ತೊಂದರೆ ಹಿಂದಿರುತ್ತದೆ. ಅವತ್ತೇ ಆಸ್ಪತ್ರೆಗೆ ಹೋಗಬೇಕು.

ಸಾಕ್ಷಿ ತೋರಿಸುವುದನ್ನು ಬಿಟ್ಟುಬಿಡಿ. ‘ಸಿಗದಿದ್ದರೆ ಬೇಜಾರಾಗುತ್ತದೆ ಅಲ್ವಾ ಅಪ್ಪಾ, ಬನ್ನಿ ಇಬ್ಬರೂ ಹುಡುಕೋಣ’ ಅನ್ನಿ. ಸಿಕ್ಕಾಗ ‘ನೋಡಿ, ನೀವೇ ಇಟ್ಟಿದ್ದು’ ಅಂತ ಗೆಲ್ಲಲು ಹೋಗಬೇಡಿ. ಇನ್ನೊಂದು ಜೊತೆ ಕನ್ನಡಕ ಮಾಡಿಸಿಡುವುದು ಎಷ್ಟೋ ಜಗಳ ಉಳಿಸುತ್ತದೆ. ಸೊಸೆಗೂ ಒಮ್ಮೆ ಹೇಳಿ, ಇದು ಅವರ ಮೇಲಿನ ದ್ವೇಷ ಅಲ್ಲ ಅಂತ. ಆ ಮಾತು ಅವರಿಗೆ ಯಾರೂ ಹೇಳಿರುವುದಿಲ್ಲ.

ಪ್ರಶ್ನೆ: ನನ್ನ ಹತ್ತಿರ ಒಂದು ಅದೃಷ್ಟದ ಪೆನ್ನಿದೆ. ಅದರಲ್ಲಿ ಬರೆದರೆ ಮಾತ್ರ ಪರೀಕ್ಷೆ ಚೆನ್ನಾಗಿ ಆಗುತ್ತದೆ ಅನ್ನಿಸುತ್ತದೆ. ಇದು ಡಿರೀಯಿಸ್ಟಿಕ್ಕಾ?

ಉತ್ತರ: ಚಿಟಿಕೆಯಷ್ಟು ಹೌದು. ಪೆನ್ನು ಮರೆತು ಹೋದ ದಿನವೂ ಪರೀಕ್ಷೆ ಬರೆಯುತ್ತೀರಿ ತಾನೇ? ಹಾಗಿದ್ದರೆ ಇಟ್ಟುಕೊಳ್ಳಿ. ನನ್ನ ಜೇಬಿನಲ್ಲೂ ಒಂದಿದೆ.